ಕೋವಿಗೊಂದು ಹೊಸ ಹಿಡಿ

ಕೋವಿಯ ಹಿಡಿ ಮುರಿದವಳು ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ನಮ್ಮ ವಜ್ರಳ್ಳಿಯಲ್ಲಿ ಆಮೇಲೆ ಇದಕ್ಕೆ ನಾಲ್ಕಾರು ಕಥೆಗಳು ಹುಟ್ಟಿಕೊಂಡವು. ಮಂಗ ಬಂದು ಕೆಡವಿತಂತೆ ಎಂದವರಿದ್ದಾರೆ. ಪಾಪದ ಮಂಗ. ಕವಳಕ್ಕೆ ಎಲೆ ಅಡಿಕೆ ಕುಟ್ಟುವ ಕಬ್ಬಿಣದ ಕುಟ್ಟಾಣಿಯಿಂದ ಎರಡು ಪೆಟ್ಟು ಹಾಕಿದೆ, ಎರಡನೆಯದಕ್ಕೆ ಹಿಡಿ ಮುರಿದು ಜಗಲಿಯ ಮೇಲೆ ಬಿತ್ತು.

ಹಿಡಿ ಎಂದರೆ ಕೋವಿಯ ಮರದ ಭಾಗವಲ್ಲ. ನಮ್ಮ ಕೋವಿ ರೈಫಲ್ ಜಾತಿಯದು. ಬಾಗಿಲಿಗೆ ಅಗುಳಿ ಇರುವ ಹಾಗೆ ಅದಕ್ಕೊಂದು ಕಬ್ಬಿಣದ ದಂಡ ಇದೆ, ಬೋಲ್ಟು ಅನ್ನುತ್ತಾರೆ. ಅದನ್ನು ಎತ್ತಿ ಹಿಂದಕ್ಕೆ ಎಳೆದರೆ ಗುಂಡು ತುಂಬುವ ಬಾಯಿ ತೆರೆಯುತ್ತದೆ, ಮುಂದಕ್ಕೆ ನೂಕಿ ಕೆಳಕ್ಕೆ ಒತ್ತಿದರೆ ಮುಚ್ಚುತ್ತದೆ. ಎತ್ತಲು, ಎಳೆಯಲು ಬಲಬದಿಗೆ ಒಂದು ಪುಟ್ಟ ಹಿಡಿ, ಅದರ ತುದಿಯಲ್ಲಿ ನೆಲ್ಲಿಕಾಯಿ ಗಾತ್ರದ ಉಂಡೆ. ಅಷ್ಟೇ ಭಾಗ ಮುರಿದದ್ದು. ಅದಿಲ್ಲದೆ ಇಡೀ ಕೋವಿ ಒಂದು ಒನಕೆ.

ಬೆಳೆ ಕಾಯಲು ಕೊಡುವ ಲೈಸೆನ್ಸು ಅದು, ಮೂವತ್ತು ವರ್ಷದಿಂದ ನಮ್ಮನೆಯವರ ಹೆಸರಿನಲ್ಲಿತ್ತು. ಹಂದಿ ಗದ್ದೆಗೆ ಇಳಿದರೆ, ಮಂಗ ತೆಂಗಿನ ಮರ ಹತ್ತಿದರೆ ಆಕಾಶಕ್ಕೆ ಒಂದು ಗುಂಡು ಹಾರಿಸುತ್ತಿದ್ದರು. ಅವರು ಏನನ್ನಾದರೂ ಕೊಂದದ್ದು ನಾನು ನೋಡಿಲ್ಲ. ಆದರೆ ಊರಿನಲ್ಲಿ ಕೋವಿ ಇರುವ ಮನೆ ಎಂದರೆ ನಮ್ಮದೇ. ಹಂದಿ ಬಂದರೆ ಜನ ಇವರನ್ನು ಕರೆಯುತ್ತಿದ್ದರು, ಇವರು ಉಣ್ಣುತ್ತಿದ್ದ ಬಾಳೆಲೆಯನ್ನು ಬಿಟ್ಟು ಏಳುತ್ತಿದ್ದರು. ಅನ್ನ ಆರಿತು ಎಂದು ನಾನು ಬೈಯುತ್ತಿದ್ದೆ.

ಹೋದ ಶ್ರಾವಣದಲ್ಲಿ ಅವರಿಗೆ ಲಕ್ವ ಹೊಡೆಯಿತು. ಬಲಭಾಗ ಪೂರ್ತಿ ಹೋಯಿತು. ಮಾತು ಎರಡು ತಿಂಗಳಲ್ಲಿ ತೊದಲುತ್ತ ಬಂತು, ಕಾಲು ಕೋಲು ಹಿಡಿದುಕೊಂಡು ಬಂತು, ಕೈಯೂ ಅರ್ಧ ಬಂತು. ಬೆರಳು ಮಡಚುತ್ತಾರೆ, ಬಿಡಿಸುತ್ತಾರೆ, ಆದರೆ ಮುಟ್ಟಿದ್ದು ಗೊತ್ತಾಗುವುದಿಲ್ಲ. ಒಮ್ಮೆ ಬಿಸಿ ಚಹಾದ ಲೋಟ ಹಿಡಿದು ಕೂತಿದ್ದರು, ಬೆರಳು ಕೆಂಪಾದದ್ದು ನಾನು ನೋಡಿ ಲೋಟ ಕಸಿದುಕೊಂಡೆ.

ನಾನು ಅಳಲಿಲ್ಲ. ನೋಡಲು ಬಂದವರೆಲ್ಲ ಗಟ್ಟಿಗಿತ್ತಿ ಎಂದು ಹೊಗಳಿ ಹೋದರು. ಗಟ್ಟಿತನ ಎಂಥದೂ ಇರಲಿಲ್ಲ, ಒಳಗೆ ಏನೂ ಆಗುತ್ತಿರಲಿಲ್ಲ, ಅಷ್ಟೆ. ಅವರನ್ನು ಆಸ್ಪತ್ರೆಗೆ ಸೇರಿಸಿದ ದಿನ ನನ್ನ ತಲೆಯಲ್ಲಿದ್ದದ್ದು ಹೆಪ್ಪು ಹಾಕದೆ ಬಿಟ್ಟುಬಂದ ಹಾಲು. ಬೆಳಿಗ್ಗೆ ಎದ್ದು ಅವರಿಗೆ ಮುಖ ತೊಳೆಸಿ, ಮಾತ್ರೆ ಕೊಟ್ಟು, ಅಂಗಿ ಹಾಕಿ, ಮತ್ತೆ ಒಲೆಯ ಮುಂದೆ ನಿಂತರೆ ಇಷ್ಟು ಹೊತ್ತು ಮಾಡಿದ್ದು ಯಾರೋ ಎನಿಸುತ್ತಿತ್ತು. ದುಃಖ ಬರಲಿ ಎಂದು ಕಾದೆ. ಬರಲಿಲ್ಲ, ಕೆಲಸ ಇತ್ತು, ಮಾಡಿದೆ.

ಆ ವರ್ಷದ ಆಯುಧಪೂಜೆ ನನ್ನ ಪಾಲಿಗೆ ಬಂತು. ಪ್ರತಿ ವರ್ಷ ಅವರೇ ಮಾಡುತ್ತಿದ್ದರು. ಕತ್ತಿ, ಹಾರೆ, ಗುದ್ದಲಿ, ಪಂಪ್‌ಸೆಟ್ಟಿನ ಪಾನಾ ಎಲ್ಲ ಸಾಲಾಗಿ ಇಟ್ಟು ಕೊನೆಯಲ್ಲಿ ಕೋವಿ. ಪೂಜೆಗೆ ಮೊದಲು ಶಿರಸಿಯಿಂದ ತಂದ ಸಣ್ಣ ಬಾಟಲಿಯ ಎಣ್ಣೆಯಿಂದ ಕೋವಿ ಒರೆಸುತ್ತಿದ್ದರು. ಆ ಬಾಟಲಿ ಎಲ್ಲಿದೆ ಎಂದು ಅವರನ್ನು ಕೇಳಿದರೆ ತೊದಲುತ್ತ ಹೇಳಲು ಕಾಲು ಗಂಟೆ ಬೇಕು. ಮನೆಯಲ್ಲಿ ಕೊಬ್ಬರಿ ಎಣ್ಣೆ ಇತ್ತು. ತಲೆಗೆ, ಸುಟ್ಟ ಗಾಯಕ್ಕೆ, ಕಿರುಗುಡುವ ಬಾಗಿಲಿಗೆ, ಹಲಸಿನ ಹಣ್ಣು ಕೊಯ್ಯುವ ಕತ್ತಿಗೆ ಎಲ್ಲದಕ್ಕೂ ಆಗುವ ಎಣ್ಣೆ ಕೋವಿಗೆ ಯಾಕಾಗಬಾರದು? ಧಾರಾಳವಾಗಿ ಹಾಕಿದೆ. ಬೋಲ್ಟಿನ ಸಂದಿಗೂ ಬಿಟ್ಟೆ. ಅರಿಶಿನ, ಕುಂಕುಮ ಹಚ್ಚಿ, ಅಕ್ಷತೆ ಹಾಕಿ, ಆರತಿ ಎತ್ತಿ ಕೋವಿಯನ್ನು ಅದರ ಜಾಗದಲ್ಲಿಟ್ಟು ಬೀಗ ಹಾಕಿದೆ.

ಕೊಬ್ಬರಿ ಎಣ್ಣೆ ಪುಷ್ಯದ ಚಳಿಗೆ ಗಟ್ಟಿಯಾಗುತ್ತದೆಂಬುದು ನಮ್ಮ ಕಡೆ ಹುಟ್ಟಿದ ಕೂಸಿಗೂ ಗೊತ್ತು. ದಿನಾ ಬೆಳಿಗ್ಗೆ ಬಾಟಲಿಯನ್ನು ಒಲೆಯ ಕಟ್ಟೆಯ ಮೇಲಿಟ್ಟು ಕರಗಿಸುವವಳು ನಾನೇ.

ಪುಷ್ಯದಲ್ಲಿ ಮೈದುನ ಯಲ್ಲಾಪುರದಿಂದ ಸುದ್ದಿ ತಂದ. ಅವನ ಮನೆ ನಮ್ಮ ಪಕ್ಕದಲ್ಲೇ, ಪೇಟೆಯ ಕೆಲಸಕ್ಕೆ ಅವನದೇ ಓಮ್ನಿ. ಲೈಸೆನ್ಸಿನ ಅವಧಿ ಮುಗಿಯುತ್ತ ಬಂದಿದೆ, ಈ ಸಲ ಲೈಸೆನ್ಸಿನವರೇ ಕೋವಿ ತಗೊಂಡು ಠಾಣೆಗೆ ಬರಬೇಕು, ತೆರೆದು ಮುಚ್ಚಿ ತೋರಿಸಬೇಕು, ಆಗದಿದ್ದರೆ ಕೋವಿ ಒಪ್ಪಿಸಬೇಕು ಎಂದು ಠಾಣೆಯಲ್ಲಿ ಹೇಳಿದ್ದರಂತೆ. ಇವರಿಗೆ ಲಕ್ವ ಆದದ್ದು ಅವರ ಕಿವಿಗೂ ಬಿದ್ದಿತ್ತು.

"ಅತ್ಗೆ, ಒಪ್ಪಿಸಿಬಿಡಿ. ಅಣ್ಣಂಗೆ ಇನ್ನು ಎಂತಕ್ಕೆ ಕೋವಿ?" ಎಂದ ಮೈದುನ.

ಒಳಗೆ ಕೂತಿದ್ದವರಿಗೆ ಕೇಳಿಸಿತು. "ತೆಗೆ ಅದ್ನ," ಎಂದರು ನನಗೆ. "ಬೋಲ್ಟು ಎಳೆದು ನೋಡ್ತೆ."

ತಂದು ತೊಡೆಯ ಮೇಲಿಟ್ಟೆ. ಬಲಗೈಯಿಂದ ಆಗಲಿಲ್ಲ, ಎಡಗೈಯನ್ನು ಆಚೆಯಿಂದ ತಂದು ಎಳೆದರೂ ಆಗಲಿಲ್ಲ. ಹಣೆಯ ಮೇಲೆ ಬೆವರು ಬಂತು. ಅವರ ತಮ್ಮ ನೋಡುತ್ತ ನಿಂತಿದ್ದ. ಎಣ್ಣೆ ಗಟ್ಟಿಯಾಗಿ ಕೂತಿದೆ ಎಂಬುದು ನಮಗ್ಯಾರಿಗೂ ಹೊಳೆಯಲಿಲ್ಲ. ಮೂವರೂ ಅದನ್ನು ಅವರ ಕೈಯ ದೋಷವೆಂದೇ ತಿಳಿದೆವು. ತಮ್ಮನೆದುರು ಅವರ ಮುಖ ಹಾಗಾದದ್ದು ನೋಡಲಾಗದೆ ನಾನು ಕೋವಿ ತಗೊಂಡು ಜಗಲಿಗೆ ಬಂದೆ, ಕವಳದ ತಟ್ಟೆಯಲ್ಲಿದ್ದ ಕುಟ್ಟಾಣಿ ಕೈಗೆ ಸಿಕ್ಕಿತು. ಎರಡು ಹೊತ್ತು ಬಿಸಿಲಿಗೆ ಇಟ್ಟಿದ್ದರೆ ಸಾಕಿತ್ತು.

ಮುರಿದ ತುಂಡನ್ನು ತಂದು ಅವರ ಮುಂದಿಟ್ಟೆ. ಸಿಟ್ಟು ಮಾಡಲಿಲ್ಲ. ಸಿಟ್ಟು ಮಾಡಿದ್ದರೆ ಚೆನ್ನಾಗಿತ್ತು. ಬಹಳ ಹೊತ್ತು ಅದನ್ನೇ ನೋಡಿ, "ನಿಂಗೆ ಇದು ಮುರಿಯವು ಹೇಳಿ ಇತ್ತಾ?" ಎಂದರು.

ಮುರಿಯಬೇಕೆಂಬ ಆಸೆ ನನಗಿತ್ತೇ? ಬೇರೆ ದಿನವಾಗಿದ್ದರೆ ನಾಲ್ಕು ಮಾತು ಆಡುತ್ತಿದ್ದೆ. ಅವತ್ತು ಉತ್ತರ ನನಗೇ ಗೊತ್ತಿರಲಿಲ್ಲ. ಕೋವಿ ಹೋದರೆ ಒಂದು ಜವಾಬ್ದಾರಿ ಕಡಿಮೆ ಎಂದು ಒಂದೆರಡು ಸಲ ಅಂದುಕೊಂಡದ್ದು ನಿಜ. ಎರಡನೆಯ ಪೆಟ್ಟು ಮೊದಲನೆಯದಕ್ಕಿಂತ ಜೋರಾಗಿತ್ತು, ಅದೂ ನಿಜ.

"ರಿಪೇರಿ ಮಾಡ್ಸಿ ತತ್ತೆ," ಎಂದೆ.

ಕೋವಿ ರಿಪೇರಿಯನ್ನು ಎಲ್ಲರೂ ಮಾಡುವಂತಿಲ್ಲ, ಅದಕ್ಕೂ ಲೈಸೆನ್ಸು ಬೇಕು. ಶಿರಸಿಯಲ್ಲಿ ಒಬ್ಬ ವಯಸ್ಸಾದ ರಿಪೇರಿಯವರು ಇದ್ದರು. ಠಾಣೆಯಲ್ಲಿ ಕೇಳಿ, ಪತ್ರ ಬರೆಸಿಕೊಂಡು, ಅದಕ್ಕೆ ನಮ್ಮನೆಯವರ ಎಡಗೈ ಹೆಬ್ಬೆಟ್ಟು ಒತ್ತಿಸಿ, ಲೈಸೆನ್ಸಿನ ಪುಸ್ತಕದ ಜೊತೆ ಬೋಲ್ಟನ್ನು ಮಾತ್ರ ಬಟ್ಟೆಯಲ್ಲಿ ಸುತ್ತಿ ಕೈಚೀಲದಲ್ಲಿಟ್ಟುಕೊಂಡು ಬಸ್ಸು ಹತ್ತಿದೆ. ಅಷ್ಟರಲ್ಲಿ ಗಟ್ಟಿಯಾಗಿದ್ದ ಎಣ್ಣೆ ಜಗಲಿಯ ಬಿಸಿಲಿಗೆ ಕರಗಿ, ಮುರಿದ ಬುಡ ಹಿಡಿದು ತಿರುಗಿಸಿದರೆ ಬೋಲ್ಟು ಜಾರಿ ಕೈಗೆ ಬಂದಿತ್ತು. ಯಲ್ಲಾಪುರದಲ್ಲಿ ಬಸ್ಸು ಬದಲಿಸಿ ಶಿರಸಿ ಮುಟ್ಟುವವರೆಗೆ ಏನು ಯೋಚಿಸಿದೆ ಎಂದು ಕೇಳಿದರೆ ನೆನಪಿಲ್ಲ. ಪಕ್ಕದಲ್ಲಿ ಕೂತಿದ್ದವಳು ಯಾವುದೋ ಮದುವೆಯ ಊಟದ ವಿಚಾರ ಹೇಳುತ್ತಿದ್ದಳು, ಹೂಂಗುಟ್ಟಿದೆ.

ರಿಪೇರಿಯವರು ಕನ್ನಡಕ ಏರಿಸಿ ಬೋಲ್ಟನ್ನು ಬೆಳಕಿಗೆ ಹಿಡಿದರು. ದಬ್ಬಣದ ತುದಿಯಿಂದ ಸಂದಿಯನ್ನು ಕೆದಕಿ ಏನನ್ನೋ ಎತ್ತಿ ಅಂಗೈಯಲ್ಲಿಟ್ಟು ತೋರಿಸಿದರು. ಕುಂಕುಮ ಮೆತ್ತಿದ ಒಂದು ಅಕ್ಷತೆ ಕಾಳು.

"ಪೂಜೆ ಮಾಡಿದ್ರಾ ಅಮ್ಮಾ?"

"ಹೌದು."

"ಒಳಗೂ ಮಾಡ್ಬಿಟ್ಟಿದ್ದೀರಿ."

ನನಗೆ ನಗು ಬರಬೇಕಿತ್ತು. ಅವರು ಬೋಲ್ಟನ್ನು ತಿರುಗಿಸಿ ಮುರಿದ ಜಾಗ ತೋರಿಸಿದರು. ಹಿಂದೆ ಯಾವಾಗಲೋ ಅಲ್ಲಿ ಮುರಿದು ಯಾರೋ ಬೆಸೆದಿದ್ದರಂತೆ, ಬೆಸುಗೆಯ ಒಳಗೆ ಕರೀ ಪೊಳ್ಳು ಇತ್ತು. "ಇದು ಇವತ್ತಲ್ಲ ನಾಳೆ ಹೋಗೋದೇ. ನಿಮ್ಮ ಪೆಟ್ಟು ನೆಪ," ಎಂದರು. ಹಾಗೆ ಹೇಳಿದರೆ ಸಮಾಧಾನವಾಗುತ್ತದೆ ಎಂದು ಅವರಿಗೆ ಅನಿಸಿರಬೇಕು. ಆದರೆ ನೆಪವಾದವಳು ನಾನೇ ತಾನೆ?

ನಮ್ಮನೆಯವರ ಕೈಗೆ ಲಕ್ವ ಆಗಿದೆ, ಬೆರಳಿಗೆ ಸ್ಪರ್ಶ ಇಲ್ಲ ಎಂದು ಹೇಳಿದೆ. ರಿಪೇರಿಯವರು ಬೋಲ್ಟನ್ನು ಕೆಳಗಿಟ್ಟರು. "ಹಾಗಾದ್ರೆ ಮೊದಲಿನ ಉಂಡೆ ಹಾಕಿದ್ರೆ ಪ್ರಯೋಜನ ಇಲ್ಲ. ಬೆರಳಲ್ಲಿ ಹಿಡಿಯೋದು ಬೇಡ, ಅಂಗೈ ತುಂಬೋ ಹಾಗೆ ಮಾಡ್ಬೇಕು. ಅವರ ಮುಷ್ಟಿ ಅಳತೆ ತಗೊಂಬನ್ನಿ."

ಮುಷ್ಟಿಯ ಅಳತೆ ತೆಗೆಯುವುದು ನನಗೆ ಗೊತ್ತಿತ್ತು. ನನ್ನ ತವರು ಸಿದ್ದಾಪುರದ ಹತ್ತಿರ ಕೋಲಸಿರ್ಸಿ. ಅಲ್ಲಿಯ ಆಚಾರಿ ಕತ್ತಿಗೆ ಹಿಡಿ ಹಾಕುವ ಮೊದಲು ಹುತ್ತದ ಮಣ್ಣನ್ನು ನಾದಿ ಉಂಡೆ ಮಾಡಿ, ಕತ್ತಿ ಹಿಡಿಯುವವನ ಕೈಗೆ ಕೊಟ್ಟು ಹಿಚುಕಿಸುತ್ತಿದ್ದ. ಮಣ್ಣು ಒಣಗಿದ ಮೇಲೆ ಅದನ್ನು ನೋಡಿಕೊಂಡು ಮರ ಕೆತ್ತುತ್ತಿದ್ದ. ಒಬ್ಬರ ಕತ್ತಿ ಇನ್ನೊಬ್ಬರ ಕೈಗೆ ಸರಿಬರುವುದಿಲ್ಲ ಎಂದು ನಮ್ಮಪ್ಪ ಯಾರಿಗೂ ಕತ್ತಿ ಎರವಲು ಕೊಡುತ್ತಿರಲಿಲ್ಲ.

ಗದ್ದೆಯ ಅಂಚಿನ ಹುತ್ತದಿಂದ, ಕೈಮುಗಿದು, ಹಳೆಯ ಒಡೆದ ಭಾಗದ ಮಣ್ಣು ತಂದೆ. ಹೋಳಿಗೆಯ ಕಣಕದಷ್ಟು ನುಣ್ಣಗೆ ನಾದಿದೆ. ಅವರನ್ನು ಜಗಲಿಯ ಕುರ್ಚಿಯಲ್ಲಿ ಕೂರಿಸಿ, ನಾನು ಕೆಳಗೆ ಮಣೆಯ ಮೇಲೆ ಕೂತು ಅವರ ಬಲಗೈಯನ್ನು ನನ್ನ ಮಡಿಲಿಗೆ ತಗೊಂಡೆ. ಮಡಚಿಕೊಂಡಿದ್ದ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ, ಉಂಡೆಯಿಟ್ಟು, ಮತ್ತೆ ಒಂದೊಂದಾಗಿ ಮುಚ್ಚಿದೆ.

"ಹಿಡೀರಿ," ಎಂದೆ.

ಹಿಡಿದರು. ಬೆರಳ ಸಂದಿಯಿಂದ ಮಣ್ಣೆಲ್ಲ ಹೊರಗೆ ಬಂತು. ಎಷ್ಟು ಬಲ ಹಾಕಿದೆನೆಂದು ಅವರಿಗೆ ಗೊತ್ತಾಗುವುದಿಲ್ಲವಲ್ಲ. ಮತ್ತೆ ಉಂಡೆ ಮಾಡಿದೆ. ಎರಡನೆಯ ಸಲ ಎಷ್ಟು ಹಗುರ ಹಿಡಿದರೆಂದರೆ ಉಂಡೆ ಉರುಳಿ ನನ್ನ ಸೀರೆಯ ಮೇಲೆ ಬಿತ್ತು. ಮೂರನೆಯ ಸಲ ನನ್ನ ಎರಡೂ ಕೈಯನ್ನು ಅವರ ಮುಷ್ಟಿಯ ಮೇಲಿಟ್ಟು ನಾನೇ ಒತ್ತಿದೆ.

"ಸಾಕಾ?" ಎಂದು ಕೇಳಿದರು.

"ನಿಂಗಕ್ಕೆ ಎಂತದೂ ಗೊತ್ತಾಗ್ತಿಲ್ಯಾ?"

"ಇಲ್ಲೆ. ನೀನೇ ಹೇಳು."

ನಾನು ಸಾಕು ಎಂದೆ. ಧಾರೆಯ ದಿನ ಬಿಟ್ಟರೆ, ಹಗಲು ಹೊತ್ತಿನಲ್ಲಿ, ಹಾದಿಯಲ್ಲಿ ಹೋಗುವವರಿಗೆ ಕಾಣುವ ಹಾಗೆ ಕೂತು ಅವರ ಕೈ ಹಿಡಿದದ್ದು ಅದೇ ಮೊದಲು. ನನಗೆ ಆಗಲೂ ಏನೂ ಆಗಲಿಲ್ಲ. ಏನಾದರೂ ಆಗಬೇಕಿತ್ತಲ್ಲ ಎಂದು ಅಂದುಕೊಂಡೆ. ಅವರು ಮಣ್ಣಾದ ತಮ್ಮ ಕೈಯನ್ನು ಬೇರೆಯವರದೆಂಬಂತೆ ತಿರುಗಿಸಿ ನೋಡುತ್ತಿದ್ದರು. ನಾನು ನೀರು ತಂದು ತೊಳೆಸಿದೆ.

ಎರಡು ದಿನ ಒಣಗಿದ ಮಣ್ಣಿನ ಮುಷ್ಟಿಯನ್ನು ಹತ್ತಿಯಲ್ಲಿಟ್ಟು ಮತ್ತೆ ಶಿರಸಿಗೆ ಹೋದೆ. ಅವತ್ತು ರಿಪೇರಿಯವರು ನನ್ನ ಎದುರಿಗೇ ಕೆಲಸ ಮಾಡಿದರು. ಹಳೆಯ ಬೆಸುಗೆಯ ಮೇಲೆ ಇನ್ನೊಂದು ಬೆಸುಗೆ ಹಾಕಬಾರದು ಎಂದು ಮುರಿದ ಬುಡವನ್ನು ಅರದಿಂದ ಪೂರ್ತಿ ಉಜ್ಜಿ ತೆಗೆದರು. ಹೊಸ ಉಕ್ಕಿನ ಕಡ್ಡಿಯನ್ನು ಬಗ್ಗಿಸಿ, ಇಟ್ಟು ನೋಡಿ, ತೆಗೆದು, ಮತ್ತೆ ಉಜ್ಜಿ, ಮತ್ತೆ ಇಟ್ಟು ನೋಡಿದರು. ವಾರೆ ಒಂದು ಕೂದಲೆಳೆ ತಪ್ಪಿದರೂ ಬೋಲ್ಟು ಪೂರ್ತಿ ಮುಚ್ಚುವುದಿಲ್ಲವಂತೆ. ಬೆಸುಗೆಗೆ ಬೆಂಕಿ ತೋರಿಸುವ ಮೊದಲು ಬೋಲ್ಟಿನ ಉಳಿದ ಭಾಗಕ್ಕೆಲ್ಲ ಒದ್ದೆ ಬಟ್ಟೆ ಸುತ್ತಿದರು.

"ಈ ಕಡೆ ಬಿಸಿ ಏರಿದ್ರೆ ಉಕ್ಕು ಮೆತ್ತಗಾಗ್ತದೆ. ಮೆತ್ತಗಾದ ಬೋಲ್ಟು ಗುಂಡು ತಡೆಯೋದಿಲ್ಲ. ಹೊಡೆದವನ ಮುಖಕ್ಕೇ ಬರ್ತದೆ," ಎಂದರು.

ಬಟ್ಟೆಯಿಂದ ಹಬೆ ಏಳುತ್ತಿತ್ತು, ಅವರು ನಡುನಡುವೆ ನೀರು ಚಿಮುಕಿಸುತ್ತಿದ್ದರು. ಬೆಸುಗೆಯ ಹಿತ್ತಾಳೆ ಕರಗಿ ಸಂದಿಯಲ್ಲಿ ತೆಳ್ಳಗೆ ಹರಿದು ನಿಂತಿತು. ಆರಿದ ಮೇಲೆ ಕಡ್ಡಿಯ ತುದಿಗೆ ಮುಷ್ಟಿಯ ಅಳತೆಗೆ ಕೆತ್ತಿದ ಹುಣಸೆ ಮರದ ಹಿಡಿಯನ್ನು ತಿರುಪಿ ಕೂರಿಸಿದರು. ಮಣ್ಣಿನ ಮುಷ್ಟಿಯಲ್ಲಿ ಬೆರಳು ಕೂತ ತಗ್ಗುಗಳೆಲ್ಲ ಆ ಮರದಲ್ಲಿ ಇದ್ದವು. ಒಂದು ಕಡೆ ಇನ್ನೊಂದು ಸಣ್ಣ ತಗ್ಗಿತ್ತು. ಅದು ಒತ್ತುವಾಗ ನನ್ನ ಬೆರಳು ಮಣ್ಣಿಗೆ ತಾಗಿದ್ದ ಜಾಗ.

ನೋಡಲು ಚೆಂದವೇನೂ ಇರಲಿಲ್ಲ. ಕೋವಿಗೆ ಗಡ್ಡೆ ಬಂದ ಹಾಗೆ ಕಾಣುತ್ತಿತ್ತು. ಆದರೆ ಮನೆಗೆ ತಂದು ಹಾಕಿದಾಗ ಬೋಲ್ಟು ಒಂದೇ ಸಲಕ್ಕೆ ಕೂತಿತು. ಅವತ್ತಿನಿಂದ ಊಟದ ನಂತರ ಅರ್ಧ ಗಂಟೆ ಅವರ ಅಭ್ಯಾಸ ನಡೆಯಿತು. ಗುಂಡುಗಳನ್ನು ಮೈದುನನ ಕಪಾಟಿನಲ್ಲಿ ಇಡಿಸಿ, ಬರಿ ಕೋವಿಯನ್ನು ಮೇಜಿನ ಮೇಲಿಟ್ಟು ಕೊಡುತ್ತಿದ್ದೆ. ಮೊದಲ ದಿನಗಳಲ್ಲಿ ಕೈ ಹಿಡಿಯನ್ನು ದಾಟಿ ಹೋಗುತ್ತಿತ್ತು, ಅವರಿಗೆ ಗೊತ್ತಾಗದೆ ಗಾಳಿಯನ್ನೇ ಎಳೆಯುತ್ತಿದ್ದರು. ಆಮೇಲೆ ಕಣ್ಣನ್ನು ಕೈಯ ಮೇಲೇ ನೆಟ್ಟು ಎಳೆಯಲು ಕಲಿತರು. ಫಾಲ್ಗುಣದ ಹೊತ್ತಿಗೆ ಹತ್ತರಲ್ಲಿ ಏಳು ಸಲ ಬರುತ್ತಿತ್ತು. ಆ ಏಳು ಸಲವೂ ನಾನು ಅಡುಗೆಮನೆಯಿಂದ ಖಟಕ್ ಎಂಬ ಸದ್ದನ್ನು ಎಣಿಸುತ್ತಿದ್ದೆ. ಅವರಿಗೆ ಬರಲಿ ಎಂದು ಹಾರೈಸುತ್ತಿದ್ದೆನೋ, ನನ್ನ ತಪ್ಪು ತೊಳೆದುಹೋಗಲಿ ಎಂದೋ, ನನಗೆ ತಿಳಿಯದು.

ಠಾಣೆಗೆ ಹೋದ ದಿನ ಅವರು ಇಸ್ತ್ರಿ ಮಾಡಿದ ಅಂಗಿ ಬೇಕೆಂದರು. ಮೈದುನನ ಓಮ್ನಿಯಲ್ಲಿ ಹೋದೆವು. ಅಧಿಕಾರಿ ಹಾವೇರಿ ಕಡೆಯ ಚಿಕ್ಕ ವಯಸ್ಸಿನವರು, ಒಳ್ಳೆಯವರು, ಎದ್ದು ಬಂದು ಕುರ್ಚಿ ಕೊಟ್ಟರು.

"ಕುಂದರ್ರಿ ಯಜಮಾನ್ರ. ಅವಸರ ಇಲ್ಲ, ಸಾವಕಾಶ ಮಾಡ್ರಿ."

ಕೋವಿಯನ್ನು ಮೇಜಿನ ಮೇಲಿಟ್ಟರು. ಮೊದಲ ಸಲ ನಮ್ಮನೆಯವರ ಕೈ ಜಾರಿತು. ಬರೆಯುತ್ತಿದ್ದ ಪೇದೆ ತಲೆಯೆತ್ತಿ ನೋಡಿ ಮತ್ತೆ ತಗ್ಗಿಸಿದ. ಅವರು ಒಮ್ಮೆ ಉಸಿರು ಬಿಟ್ಟು, ಕೈಯನ್ನೇ ನೋಡುತ್ತ, ಹುಣಸೆಯ ಹಿಡಿಯನ್ನು ಅಂಗೈಗೆ ತಗೊಂಡು ಎತ್ತಿ ಎಳೆದರು. ತೆರೆಯಿತು. ನೂಕಿ ಒತ್ತಿದರು. ಮುಚ್ಚಿತು. ಯಾರೂ ಕೇಳದಿದ್ದರೂ ಇನ್ನೆರಡು ಸಲ ತೆರೆದು ಮುಚ್ಚಿದರು.

"ಆತು ಬಿಡ್ರಿ, ಬರಕೋತೀನಿ," ಎಂದು ಅಧಿಕಾರಿ ಪೆನ್ನು ತೆಗೆದರು.

"ಹಾಂ, ಬರ್ಕೊಳ್ಳಿ," ಎಂದರು ನಮ್ಮನೆಯವರು. ಒಂದೊಂದೇ ಮಾತು ಕೂಡಿಸಿ ಹೇಳಿದರು. "ಕೋವಿ ಸರಿ ಇದೆ. ನನಗೆ ತೆರೆಯಲು ಬರ್ತದೆ. ಅಷ್ಟು ಬರೆದು, ಆಮೇಲೆ ಬರೀರಿ, ಒಪ್ಪಿಸ್ತಾ ಇದ್ದೇನೆ ಅಂತ."

ಅಧಿಕಾರಿಗೆ ಅರ್ಥವಾಗಲಿಲ್ಲ. "ಅಲ್ರೀ, ನಿಮಗ ಬರ್ತೈತಲ್ಲ? ಮತ್ಯಾಕ ಒಪ್ಪಸ್ತೀರಿ?"

ಅವರು ಬಲಗೈಯ ತೋರುಬೆರಳನ್ನು ಎಡಗೈಯಿಂದ ಎತ್ತಿ ತೋರಿಸಿದರು. "ಟ್ರಿಗರ್ ಮೇಲೆ ಈ ಬೆರಳು ಇದೆಯೋ ಇಲ್ಲವೋ ನನಗೆ ಗೊತ್ತಾಗೋದಿಲ್ಲ. ಇಂಥ ಕೈಯಲ್ಲಿ ಕೋವಿ ಇರಬಾರದು."

ಕಾಗದ ಬರೆದರು, ಹೆಬ್ಬೆಟ್ಟು ಒತ್ತಿದರು, ಸಾಕ್ಷಿಗೆ ನನ್ನ ಸಹಿ ತಗೊಂಡರು. ಕೋವಿಗೆ ಒಂದು ಚೀಟಿ ಕಟ್ಟಿ ಒಳಗೆ ಒಯ್ದರು. ನಾನು ಬಂದು ಓಮ್ನಿಯಲ್ಲಿ ಅವರ ಪಕ್ಕ ಕೂತೆ. ಯಲ್ಲಾಪುರ ದಾಟಿದ ಮೇಲೆ ಕೇಳಿದೆ, "ಯಾವಾಗ ಮನಸ್ಸು ಮಾಡಿದ್ದು?"

"ಮಣ್ಣು ಹಿಡಿದ ದಿನ."

"ಮತ್ತೆ ಎಂತಕ್ಕೆ ಹೇಳಿದ್ದಿಲ್ಲೆ? ಆನು ಶಿರಸಿಗೆ ಹೋಗಿದ್ದು, ಇಷ್ಟು ದಿನ ನಿಂಗ ಎಳೆದಿದ್ದು, ಎಲ್ಲಾ ಎಂತಕ್ಕೆ?"

ಅವರು ಕಿಟಕಿಯ ಹೊರಗೆ ನೋಡುತ್ತ ಹೇಳಿದರು. "ಮುರಿದಿದ್ದನ್ನೇ ಒಪ್ಪಿಸಿದ್ರೆ, ನೀನು ಮುರಿದಿದ್ದಕ್ಕೆ ಕೋವಿ ಹೋತು ಹೇಳಿ ಆಗ್ತಿತ್ತು. ನೀನೂ ಹಾಂಗೇ ಹೇಳ್ಕತ್ತಾ ಇರ್ತಿದ್ದೆ."

ನನಗೆ ಸಿಟ್ಟು ಬಂತು. ಎಲ್ಲಿತ್ತೋ ಅಷ್ಟು ಸಿಟ್ಟು! ಜೋಮು ಹಿಡಿದ ಕಾಲಿಗೆ ರಕ್ತ ಬರುವಾಗ ಆಗುವ ಹಾಗೆ ಮೈಯೆಲ್ಲ ಚುಚ್ಚಿತು. ಬೈಯಲು ಶುರುಮಾಡಿದೆ. ನನ್ನನ್ನು ಏನೆಂದು ತಿಳಿದಿದ್ದೀರಿ ಎಂದೆ, ಒಂದು ಮಾತು ಹೇಳಿದ್ದರೆ ನಿಮ್ಮ ಗಂಟು ಹೋಗುತ್ತಿತ್ತೇ ಎಂದೆ, ಹುತ್ತದ ಮಣ್ಣನ್ನೂ ಬಿಡಲಿಲ್ಲ, ಬಿಸಿ ಲೋಟ ಹಿಡಿದು ಕೂತದ್ದನ್ನೂ ಬಿಡಲಿಲ್ಲ, ಶ್ರಾವಣದ ಆ ಬೆಳಿಗ್ಗೆ ತಲೆ ತಿರುಗುತ್ತಿದೆ ಎಂದು ಹೇಳದೆ ತೋಟಕ್ಕೆ ಹೋದದ್ದನ್ನೂ ಬಿಡಲಿಲ್ಲ. ಬೈಯುತ್ತ ಬೈಯುತ್ತ ಕಣ್ಣು ಮೂಗು ಒಂದಾಗಿ ಹರಿಯಿತು, ಆದರೂ ಬಾಯಿ ನಿಲ್ಲಲಿಲ್ಲ.

ಮೈದುನ ಹೆದರಿ ಗಾಡಿಯನ್ನು ರಸ್ತೆಯ ಬದಿಗೆ ತಂದ. "ಅಣ್ಣಾ, ಒಂದು ಗಳಿಗೆ ನಿಲ್ಸವಾ?"

"ನಿಲ್ಸಡ, ಹೋಗು," ಎಂದರು ಅವರು, ಅರ್ಧ ಬಾಯಲ್ಲಿ ನಗುತ್ತ. "ಬೈಲಿ. ಏಳು ತಿಂಗಳಾತು ಅವಳು ಬೈಯದ್ದೇ."